ಬಾಳೆಕಂದು ಕಟ್ಟಿಕೊಂಡು ಹೋದ ಬೋಟು

ನಾನು ನಿಂತಿದ್ದದ್ದು ಬೋಟಿನ ಹಿಂಬದಿಯಲ್ಲಿ, ಎಂಜಿನ್ನಿನ ಎಡಮಗ್ಗುಲಿಗೆ. ಬಲಗೈ ಎಂಜಿನ್ನಿನ ಹಿಡಿಯ ಮೇಲಿತ್ತು, ಎಡಗೈ ಬೋಟಿನ ಅಂಚನ್ನು ಹಿಡಿದಿತ್ತು. ಶಿವರಾತ್ರಿ ಕಳೆದ ಮೂರನೆಯ ಶನಿವಾರ, ಬೆಳಿಗ್ಗೆ ಏಳು ಗಂಟೆ ನಲವತ್ತು ನಿಮಿಷ. ಎಂಜಿನ್ ನಿಂತ ತಕ್ಷಣ ಗಡಿಯಾರ ನೋಡುವುದು ನನ್ನ ಅಭ್ಯಾಸ, ಪಂಪ್‌ಸೆಟ್ ರಿಪೇರಿ ಮಾಡುತ್ತಿದ್ದ ಕಾಲದಿಂದ ಬಂದದ್ದು. ಹಾಗಾಗಿ ಸಮಯದ ವಿಷಯದಲ್ಲಿ ನನಗೆ ಅನುಮಾನವಿಲ್ಲ. ಜಾಗ, ಹೆಡಿಯಾಲದ ಆಚೆಗಿರುವ ಕಾಡಂಚಿನ ಹಿನ್ನೀರು. ಎಡದಂಡೆ ನಮ್ಮಿಂದ ಸುಮಾರು ನೂರು ಮಾರು, ಬಲದಂಡೆ ಅದರ ಎರಡರಷ್ಟು. ಮುಂದೆ ಬೆಟ್ಟದ ಸಾಲು, ಹಿಂದೆ ನೀರಿನಿಂದ ತಲೆ ಎತ್ತಿ ನಿಂತ ಒಣಮರದ ಬೊಡ್ಡೆಗಳು.

ಇಷ್ಟು ಬಿಡಿಸಿ ಹೇಳುವುದಕ್ಕೆ ಕಾರಣವಿದೆ. ಆ ಬೆಳಿಗ್ಗೆ ಬೋಟಿನಲ್ಲಿ ಐದು ಜನ ಇದ್ದೆವು. ಈಗ ಐದು ಕತೆಗಳಿವೆ. ನಮ್ಮಕ್ಕ ಹೇಳುವ ಕತೆಯಲ್ಲಿ ಆನೆ ಬೋಟಿಗಿಂತ ದೊಡ್ಡದು. ಭಾವನ ಕತೆಯಲ್ಲಿ ಅವರು ಹೆದರಲೇ ಇಲ್ಲ. ನಾನು ಕಂಡದ್ದನ್ನು ಕಂಡಷ್ಟೇ ಬರೆಯುತ್ತೇನೆ. ಕಾಣದ್ದನ್ನು ಕಾಣಲಿಲ್ಲ ಅಂತಲೇ ಬರೆಯುತ್ತೇನೆ.

ಅದು ಪ್ರಾಯೋಗಿಕ ಓಟ. ಪ್ರಾಣಿ, ಪಕ್ಷಿ ನೋಡಲು ಬರುವವರನ್ನು ಹಿನ್ನೀರಿನಲ್ಲಿ ಸುತ್ತಾಡಿಸಲು ಎಂಟು ಆಸನದ ಫೈಬರ್ ಬೋಟೊಂದು ಸಿದ್ಧವಾಗಿತ್ತು. ಇಪ್ಪತ್ತೈದು ಎಚ್‌ಪಿ ಎಂಜಿನ್. ಚಾಲಕನ ಕೆಲಸ ನನಗೆ ಸಿಕ್ಕಿತ್ತು. ಆದರೆ ನಿಯಮದ ಪ್ರಕಾರ ಬೋಟಿನಲ್ಲಿ ಎರಡನೆಯ ಆಳು ಇರಬೇಕು. ಎಂಜಿನ್ ಕೈಕೊಟ್ಟರೆ ಗಳ ಹಾಕಿ, ಹುಟ್ಟು ಹಾಕಿ ದಡ ಮುಟ್ಟಿಸುವವನು. ಆ ಜಾಗಕ್ಕೆ ನಾನು ನಮ್ಮ ಸೋದರಮಾವನ ಹೆಸರು ಕೊಟ್ಟಿದ್ದೆ.

ಮಾವ ಹುಲ್ಲಹಳ್ಳಿಗೂ ನಂಜನಗೂಡಿಗೂ ನಡುವಿನ ಒಂದು ಕಡವಿನಲ್ಲಿ ನಲವತ್ತು ವರ್ಷ ಹರಿಗೋಲು ಹಾಕಿದವರು. ಮದುವೆ ದಿಬ್ಬಣ, ಸೈಕಲ್ಲು, ಗೊಬ್ಬರದ ಮೂಟೆ, ಬಸುರಿ ಹೆಂಗಸರು, ಎಲ್ಲ ದಾಟಿಸಿದ್ದಾರೆ. ಸೇತುವೆ ಆದ ಮೇಲೆ ಹರಿಗೋಲು ಅವರ ಮನೆಯ ಹಿತ್ತಿಲಲ್ಲಿ ಬೋರಲು ಬಿದ್ದಿತು, ಕೋಳಿಗಳು ಅದರಡಿ ಮೊಟ್ಟೆಯಿಡಲು ಶುರುಮಾಡಿದವು. ಮಾವ ಯಾರ ಹತ್ತಿರವೂ ಬೇಜಾರು ಹೇಳಿಕೊಂಡವರಲ್ಲ. ಆದರೆ ದಿನಾ ಬೆಳಿಗ್ಗೆ ಎದ್ದು ಕಡವಿಗೆ ಹೋಗಿ, ಯಾರೂ ಬಾರದ ಕಲ್ಲಿನ ಮೇಲೆ ಒಂದು ಗಂಟೆ ಕೂತು ಬರುತ್ತಿದ್ದರು. ಇದನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಪರಿಶೀಲನೆಗೆ ಬಂದಿದ್ದ ಅಧಿಕಾರಿ ಮೇಡಂ ಅರ್ಜಿ ನೋಡಿ, "ಅರವತ್ತಮೂರು ವರ್ಷ ಅಂತ ಬರೆದಿದ್ದೀರಿ. ಸ್ವಲ್ಪ ಚಿಕ್ಕ ವಯಸ್ಸಿನವರು ಇಲ್ವಾ?" ಅಂದರು.

"ನೀರಲ್ಲಿ ಇವರ ಸಮಕ್ಕೆ ಬರೋರು ಯಾರೂ ಇಲ್ಲ ಮೇಡಂ" ಅಂದೆ.

"ನೀವು ಅವರ ಅಳಿಯ. ಹಾಗೇ ಹೇಳ್ತೀರಿ. ಶನಿವಾರದ ಓಟ ನೋಡಿ ನಾನು ತೀರ್ಮಾನ ಮಾಡ್ತೀನಿ. ಏನಾದ್ರೂ ಎಡವಟ್ಟಾದ್ರೆ ಬೇರೆಯವರನ್ನ ಹುಡುಕಿ."

ಇಷ್ಟೇ ಮಾತು. ಮಾವ ಬೋಟಿನಲ್ಲಿ ಉಳಿಯುತ್ತಾರೋ ಇಲ್ಲವೋ ಅನ್ನುವುದು ಶನಿವಾರದ ಎರಡು ಗಂಟೆ ಹೊತ್ತಿನ ಆ ಓಟದ ಮೇಲೆ ನಿಂತಿತು.

ಮೇಡಂ ಇನ್ನೊಂದು ಷರತ್ತು ಹಾಕಿದ್ದರು. ದೋಣಿ ಹತ್ತಿ ಅಭ್ಯಾಸವಿಲ್ಲದ ಇಬ್ಬರು ಪ್ರಯಾಣಿಕರು ಬೇಕು. ಅಂಥವರು ನೀರಿನ ಮೇಲೆ ಹೇಗೆ ನಡೆದುಕೊಳ್ಳುತ್ತಾರೆ ಅಂತ ನೋಡಬೇಕು. ಉಳಿದ ಆಸನಗಳಿಗೆ ಮರಳುಮೂಟೆ ಇಟ್ಟು ಭಾರ ತುಂಬಿಸುವುದು. ನಾನು ತಿರುಮಕೂಡಲು ನರಸೀಪುರದಿಂದ ಅಕ್ಕ, ಭಾವನನ್ನು ಕರೆಸಿದೆ. ಅವರದು ಅಲ್ಲಿ ಬಸ್‌ಸ್ಟ್ಯಾಂಡಿನ ಹತ್ತಿರ ಸಣ್ಣ ಇಡ್ಲಿ ಹೋಟೆಲು. ಮೂರು ನದಿ ಸೇರುತ್ತವೆ ಅಂತ ಜನ ಎಲ್ಲೆಲ್ಲಿಂದಲೋ ಬರುವ ಊರಲ್ಲಿದ್ದೂ ಭಾವ ಮೊಣಕಾಲಿಗಿಂತ ಆಳದ ನೀರಿಗೆ ಇಳಿದವರಲ್ಲ.

ಶುಕ್ರವಾರ ಇಡೀ ದಿನ ನಾನು ಎಂಜಿನ್ನಿನ ಹತ್ತಿರ ಕೂತೆ. ಗೇರ್ ಆಯಿಲ್ ಬದಲಿಸಿದೆ. ಪ್ರೊಪೆಲ್ಲರ್ ಬಿಚ್ಚಿ, ಶಾಫ್ಟಿಗೆ ಗ್ರೀಸ್ ಹಚ್ಚಿ ಮತ್ತೆ ಕೂರಿಸಿದೆ. ಪೆಟ್ರೋಲ್ ಪೈಪಿನ ರಬ್ಬರ್ ಬಲ್ಬನ್ನು ಹಿಚುಕಿ ಸೋರುತ್ತದಾ ನೋಡಿದೆ. ಎಂಜಿನ್ ತಣ್ಣಗಿಡುವ ನೀರು ಹಿಂದಿನ ತೂತಿನಿಂದ ಸಣ್ಣ ಧಾರೆಯಾಗಿ ಹೊರಬೀಳಬೇಕು, ಬೀಳುತ್ತಿತ್ತು. ಚಾಲಕ ಬಿದ್ದರೆ ಎಂಜಿನ್ ತಾನಾಗಿ ನಿಲ್ಲಲಿ ಅಂತ ಮಣಿಕಟ್ಟಿಗೆ ಕಟ್ಟಿಕೊಳ್ಳುವ ಕೆಂಪು ಹಗ್ಗವನ್ನು ಮೂರು ಸಲ ಎಳೆದು ಪರೀಕ್ಷೆ ಮಾಡಿದೆ. ಮೂರೂ ಸಲ ನಿಂತಿತು. ಮಾವ ಒಂದು ಹೊಸ ಬಿದಿರಿನ ಗಳ ತಂದು, ಅದಕ್ಕೆ ಒಂದೊಂದು ಮೊಳಕ್ಕೆ ಒಂದೊಂದು ಗೀರು ಹಾಕುತ್ತ ಕೂತರು. ನಾವಿಬ್ಬರೂ ಏನೂ ಬಿಟ್ಟಿಲ್ಲ ಅಂದುಕೊಂಡೆ.

ಶನಿವಾರ ಬೆಳಿಗ್ಗೆ ಆರಕ್ಕೆ ನಾನು ದಡಕ್ಕೆ ಬರುವಷ್ಟರಲ್ಲಿ ಬೋಟು ಮದುವೆ ಚಪ್ಪರದ ಹಾಗೆ ನಿಂತಿತ್ತು. ಮೂತಿಯ ಎರಡೂ ಬದಿಗೆ ಆಳೆತ್ತರದ ಬಾಳೆಕಂದು. ಅಂಚಿನುದ್ದಕ್ಕೂ ನಂಜನಗೂಡಿನಿಂದ ತಂದ ಚೆಂಡುಹೂವಿನ ಹಾರ. ಮುಂದಿನ ಹಲಗೆಯ ಮೇಲೆ ತಟ್ಟೆ, ತೆಂಗಿನಕಾಯಿ, ಒಂದು ಚಿಪ್ಪು ರಸಬಾಳೆ. ರಸಬಾಳೆ ಈಗ ಕೇಳಿದ ಕಡೆ ಸಿಗುವುದಿಲ್ಲ. ಎಲ್ಲಿಂದ ತಂದರೋ, ದಡದಲ್ಲೆಲ್ಲ ಅದರದೇ ಘಮ.

"ಮಾವ, ಇದೇನಿದು?"

"ಮೊದಲ್ನೇ ಓಟ ಕಣ್ಲಾ. ಬರೀ ಮೈಯಲ್ಲಿ ಓಗೋಕಾಯ್ತದಾ? ನಾನು ಹೊಸ ಅರಿಗೋಲು ಇಳ್ಸಿದಾಗ್ಲೆಲ್ಲ ಕಂದು ಕಟ್ಟೇ ಇಳ್ಸಿರೋದು."

ಕಡವಿನಲ್ಲಿ ಅದೇ ಪದ್ಧತಿ, ನನಗೂ ಗೊತ್ತು. ಹೊಸ ಹರಿಗೋಲು ಮೊದಲ ಸಲ ಆಚೆ ದಡ ಮುಟ್ಟಿ ಬರುವವರೆಗೆ ಕಂದು ಬಿಚ್ಚುವ ಹಾಗಿಲ್ಲ. ಆದರೆ ಕಡವಿನಲ್ಲಿ ಆನೆ ಇರಲಿಲ್ಲ. ಇದು ನನ್ನ ತಲೆಗೆ ಹೊಳೆಯಲಿಲ್ಲ ಅಂತ ಹೇಳಿದರೆ ಸುಳ್ಳಾಗುತ್ತದೆ. ಹೊಳೆಯಿತು. ಅವರ ಮುಖದಲ್ಲಿದ್ದ ಖುಷಿ ನೋಡಿ ಸುಮ್ಮನಾದೆ. ಮೇಡಂ ಬಂದವರು ಒಂದು ಕ್ಷಣ ನಿಂತು ನೋಡಿದರು. ಊದುಬತ್ತಿ ಮಾತ್ರ ಆರಿಸಲು ಹೇಳಿ, "ದಡಕ್ಕೆ ವಾಪಸ್ ಬಂದ ತಕ್ಷಣ ಎಲ್ಲಾ ಬಿಚ್ಚಿ" ಅಂದು ಹತ್ತಿ ಕೂತರು.

ಮಾವ ಕಡವಿನ ಪದ್ಧತಿಯಂತೆಯೇ ಜನರನ್ನು ಕೂರಿಸಿದರು. ಹೆಚ್ಚು ಹೆದರುವವರನ್ನು ನಡುವಿಗೆ, ಹಿಂದಕ್ಕೆ ಮುಖಮಾಡಿ.

"ನನಗೇನು ಹೆದರಿಕೆ? ನಾನು ಮುಂದೆ ಕೂರ್ತೀನಿ" ಅಂದರು ಭಾವ.

"ಲೈಫ್ ಜಾಕೆಟ್ ತಿರುಗುಮುರುಗಾಗಿ ಆಕ್ಕೊಂಡಿದ್ದೀರಿ, ಮೊದ್ಲು ಅದನ್ನ ಸರಿಮಾಡ್ಕಳಿ" ಅಂದಳು ಅಕ್ಕ. ಆಮೇಲೆ ಹಿಂದಿನ ಆಸನದ ಮೂರು ಮರಳುಮೂಟೆಗಳನ್ನು ನೋಡಿ, "ಇವ್ರು ಯಾರ ಕಡೆ ನೆಂಟರೋ ತಮ್ಮಾ? ಮಾತೇ ಆಡ್ತಿಲ್ಲ, ನಿಮ್ಮ ಭಾವನ ಕಡೆಯೋರೇ ಇರ್ಬೇಕು" ಅಂದಳು. ಮೇಡಂ ಮುಖ ಆಚೆ ತಿರುಗಿಸಿಕೊಂಡರು. ನಕ್ಕರೋ ಇಲ್ಲವೋ ನಾನು ಕಾಣಲಿಲ್ಲ.

ಆರೂಮುಕ್ಕಾಲಿಗೆ ಹೊರಟೆವು. ಮೊದಲ ಮುಕ್ಕಾಲು ಗಂಟೆ ನಾನು ಈವರೆಗೆ ದುಡಿದ ಹೊತ್ತಿನಲ್ಲೆಲ್ಲ ಒಳ್ಳೆಯದು. ನೀರಿನ ಮೇಲೆ ತೆಳುವಾಗಿ ಮಂಜಿತ್ತು. ಎಂಜಿನ್ನನ್ನು ನಡೆಯುವ ವೇಗಕ್ಕೆ ಇಳಿಸಿ ಬೊಡ್ಡೆಗಳ ನಡುವೆ ಸಾಗಿದೆ. ಒಂದೊಂದು ಬೊಡ್ಡೆಯ ಮೇಲೂ ನೀರುಕಾಗೆಗಳು ರೆಕ್ಕೆ ಬಿಡಿಸಿ ಒಣಗಿಸಿಕೊಳ್ಳುತ್ತಿದ್ದವು.

"ನೋಡ್ರೀ, ತೊಳೆದ ಛತ್ರಿ ಹರವಿದಂಗವೆ" ಅಂದಳು ಅಕ್ಕ.

ಮಾವ ಮೂತಿಯಲ್ಲಿ ಗಳ ಹಿಡಿದು ನಿಂತು, ನೀರಿನಡಿಯ ಬೊಡ್ಡೆಗಳನ್ನು ಬಣ್ಣದಲ್ಲೇ ಗುರುತಿಸಿ ಎಡ, ಬಲ ಅಂತ ಕೈಯಲ್ಲಿ ತೋರಿಸುತ್ತಿದ್ದರು. ಎಡದಂಡೆಯ ಕೊಲ್ಲಿಯಲ್ಲಿ ನೀರುನಾಯಿಗಳು ಕಂಡವು. ಐದು ಇದ್ದವು, ಅದನ್ನು ಎಣಿಸಿದ್ದೇನೆ. ಒಂದು ಮೀನು ಹಿಡಿದರೆ ನಾಲ್ಕು ಕಿತ್ತುಕೊಳ್ಳಲು ಬರುತ್ತಿದ್ದವು. ಹಿಡಿದದ್ದು ಕಿರುಚಿಕೊಂಡು ದಡದಲ್ಲಿ ಓಡುತ್ತಿತ್ತು. ಅಕ್ಕ ಬಾಯಿಗೆ ಸೆರಗು ಒತ್ತಿಕೊಂಡು ನಗುತ್ತ ಕಣ್ಣಲ್ಲಿ ನೀರು ತಂದುಕೊಂಡಳು. ಬೆಳಗಿನ ಮೂರು ಗಂಟೆಗೆ ಎದ್ದು ಒಲೆ ಹಚ್ಚುವವಳು ಇಷ್ಟು ಹೊತ್ತು ಕೈಕಟ್ಟಿ ಕೂತದ್ದನ್ನು ನಾನು ನೋಡಿರಲಿಲ್ಲ. ಆಮೇಲೆ ಜಿಂಕೆ ಹಿಂಡು, ಬಿದಿರಿನ ಮರೆಯಲ್ಲಿ ಎರಡು ಕಾಟಿ, ನಮ್ಮ ತಲೆಯ ಮೇಲೇ ಮೀನು ಹಿಡಿದುಕೊಂಡು ಹೋದ ಒಂದು ಗಿಡುಗ. ಮೇಡಂ ಫೋನಿನಲ್ಲಿ ವಿಡಿಯೋ ತೆಗೆಯುತ್ತಿದ್ದರು.

ಭಾವ ಈ ನಡುವೆ ಒಂದು ರಸಬಾಳೆ ಕಿತ್ತು ತಿಂದರು. ನನಗೆ ಕಂಡಿತು. ಸಿಪ್ಪೆಯನ್ನು ನೀರಿಗೆ ಹಾಕಬಾರದು ಅಂತ ಮೇಡಂ ಮೊದಲೇ ಹೇಳಿದ್ದರಿಂದ ಮಡಿಸಿ ಷರಟಿನ ಜೇಬಿಗಿಟ್ಟುಕೊಂಡರು. ಈ ವಿಷಯ ಮುಂದೆ ಬರುತ್ತದೆ.

ಏಳೂವರೆಗೆ ಬಲದಂಡೆಯ ಬಿದಿರಿನೊಳಗಿಂದ ಆನೆಗಳು ಇಳಿದವು. ನಾಲ್ಕು ದೊಡ್ಡವು, ಒಂದು ಮರಿ. ಮರಿ ಎಮ್ಮೆಯ ಕರುವಿಗಿಂತ ಸ್ವಲ್ಪ ದಪ್ಪ. ಒಂದು ಹೆಣ್ಣಾನೆಯ ಎಡಗಿವಿಯ ಅಂಚು ಹರಿದಿತ್ತು. ಮರಿ ಅದರ ಪಕ್ಕ ಬಿಡುತ್ತಿರಲಿಲ್ಲ. ನಾನು ಎಂಜಿನ್ನನ್ನು ನ್ಯೂಟ್ರಲ್ಲಿಗೆ ತಂದು ದೂರದಲ್ಲೇ ನಿಲ್ಲಿಸಿದೆ. ಅವು ನೀರು ಕುಡಿದು ವಾಪಸ್ಸು ಹೋಗುತ್ತವೆ ಅಂದುಕೊಂಡೆ. ಹೋಗಲಿಲ್ಲ. ಒಂದರ ಹಿಂದೊಂದು ನೀರಿಗಿಳಿದು ನಮ್ಮ ಮುಂದಿನಿಂದ ಎಡದಂಡೆಗೆ ಈಜತೊಡಗಿದವು. ಬೆಳಗಿನ ಬಿಸಿಲಲ್ಲಿ ಬರೀ ತಲೆ, ಬೆನ್ನಿನ ಗೆರೆ, ಎತ್ತಿದ ಸೊಂಡಿಲು.

ಅಷ್ಟರಲ್ಲಿ ಹಿಂದಿನ ಬೊಡ್ಡೆಗಳ ಕಡೆಯಿಂದ ಗಾಳಿ ಎದ್ದಿತು. ಬೋಟು ಅವುಗಳ ದಾರಿಯ ಕಡೆಗೆ ತೇಲತೊಡಗಿತು. ನಾನು ಹಿಂದಕ್ಕೆ ಸರಿಯಲು ರಿವರ್ಸ್ ಗೇರ್ ಹಾಕಿದೆ. ಮೂರು ಎಣಿಸುವಷ್ಟರಲ್ಲಿ ಎಂಜಿನ್ ಗಕ್ಕನೆ ನಿಂತಿತು.

ಗಡಿಯಾರ ನೋಡಿದ್ದು ಆಗಲೇ. ಏಳು ನಲವತ್ತು.

ಎಂಜಿನ್ನನ್ನು ಎತ್ತಿ ವಾಲಿಸಿ ನೋಡಿದರೆ ಪ್ರೊಪೆಲ್ಲರಿನ ತುಂಬ ಹಳದಿ ಎಸಳು. ಹಾರದ ಒಂದು ತುದಿ ಗಾಳಿಗೆ ಜಾರಿ ನೀರಿಗೆ ಬಿದ್ದಿತ್ತು. ಹಿಂದಕ್ಕೆ ತಿರುಗಿದ ಪ್ರೊಪೆಲ್ಲರ್ ಅದನ್ನು ಎಳೆದುಕೊಂಡು ಶಾಫ್ಟಿಗೆ ಸುತ್ತಿಕೊಂಡಿತ್ತು.

"ಬಾಳೆನಾರು ಕಣ್ಲಾ, ಎಳೆದ್ರೆ ಕಿತ್ತು ಬತ್ತದೆ" ಅಂದರು ಮಾವ ಪಿಸುಮಾತಿನಲ್ಲಿ.

ಎಳೆದೆ. ಬರಲಿಲ್ಲ. ಅದು ಬಾಳೆನಾರಲ್ಲ, ನೈಲಾನ್ ದಾರ. ಈಗಿನ ಹೂವಿನಂಗಡಿಯವರು ಅದರಲ್ಲೇ ಪೋಣಿಸುತ್ತಾರೆ ಅನ್ನುವುದು ಮಾವನಿಗೆ ಗೊತ್ತಿರಲಿಲ್ಲ, ನಾನು ನೋಡಿರಲಿಲ್ಲ. ಹಿಂದಿನಿಂದ ಬಗ್ಗಿ ಚಾಕುವಿನಿಂದ ಒಂದೊಂದೇ ಸುತ್ತು ಕೊಯ್ಯತೊಡಗಿದೆ. ದಾರ ಶಾಫ್ಟಿನ ರಬ್ಬರ್ ಸೀಲಿನೊಳಕ್ಕೆ ಹೋಗಿದ್ದರೆ ನೀರು ಗೇರಿಗಿಳಿಯುತ್ತದೆ, ಆದ್ದರಿಂದ ಅವಸರ ಮಾಡುವ ಹಾಗಿಲ್ಲ. ಏಳೋ ಎಂಟೋ ಸುತ್ತು ಇದ್ದವು. ಕೊನೆಯ ಸುತ್ತು ಬಿಡಿಸಿಕೊಂಡು ತಲೆ ಎತ್ತಿದಾಗ ನಾನು ಕಂಡದ್ದು ಇದು.

ಮೂರು ಆನೆಗಳು ದಾಟಿ ಎಡದಂಡೆಯ ಹತ್ತಿರವಿದ್ದವು. ಹರಿದ ಕಿವಿಯ ತಾಯಿ ನಮ್ಮ ಮೂತಿಯಿಂದ ಎಡಕ್ಕೆ, ಇಪ್ಪತ್ತು ಮಾರು ಇರಬಹುದು. ಮರಿ ಅದರ ಪಕ್ಕದಲ್ಲಿರಲಿಲ್ಲ. ಬಲಕ್ಕೆ ತಿರುಗಿದೆ. ಬೋಟಿನ ಬಲ ಅಂಚಿನಿಂದ ಎರಡು ಮಾರು ದೂರದಲ್ಲಿ ಸಣ್ಣ ಸೊಂಡಿಲೊಂದು ನೀರಿನಿಂದ ಮೇಲೆದ್ದು ನಮ್ಮ ಬಾಳೆಕಂದಿನ ಕಡೆಗೆ ಬರುತ್ತಿತ್ತು.

ತಾಯಿಗೂ ಮರಿಗೂ ನಡುವೆ ನಮ್ಮ ಬೋಟು.

"ದಾರ ಬಂತಾ?" ಅಂದರು ಮೇಡಂ, ತುಟಿ ಮಾತ್ರ ಅಲುಗಿಸಿ.

"ಬಂತು."

"ಹಾಗಾದ್ರೆ ಸ್ಟಾರ್ಟ್ ಮಾಡಿ, ಹೊರಡೋಣ."

"ಮಾಡೋ ಬಾಮೈದ, ನಿನ್ನ ದಮ್ಮಯ್ಯ" ಅಂದರು ಭಾವ.

ಎಂಜಿನ್ ಇಳಿಸಿ ಒಂದು ಸಲ ಸ್ಟಾರ್ಟಿಂಗ್ ಹಗ್ಗ ಎಳೆದರೆ ಹತ್ತುತ್ತಿತ್ತು. ಅದರ ಬಗ್ಗೆ ನನಗೆ ಅನುಮಾನವಿರಲಿಲ್ಲ, ಇವತ್ತಿಗೂ ಇಲ್ಲ. ಹತ್ತು ಎಣಿಸುವಷ್ಟರಲ್ಲಿ ಅಲ್ಲಿಂದ ಐವತ್ತು ಮಾರು ಆಚೆ ಹೋಗಬಹುದಿತ್ತು. ಮಾವ ಮೂತಿಯಿಂದ ಹಿಂದೆ ತಿರುಗದೆಯೇ, ಎಡಗೈ ಬೆನ್ನ ಹಿಂದೆ ಚಾಚಿ ಬೇಡ ಅಂತ ಆಡಿಸಿದರು.

"ಎತ್ತೇ ಇಡ್ಲಾ. ಮರಿ ಕಾಲು ನಮ್ಮಡೀಗೆ ಬತ್ತದೆ."

ಬಗ್ಗಿ ನೋಡಿದೆ. ನಿಜ. ಸೊಂಡಿಲು ಎರಡು ಮಾರು ದೂರವಿದ್ದರೂ ಬೋಟು ಗಾಳಿಗೆ ತಿರುಗುತ್ತ ಹಿಂಭಾಗವನ್ನು ಅದರ ಮೇಲೆಯೇ ತರುತ್ತಿತ್ತು. ಎಂಜಿನ್ ಇಳಿಸಿದರೆ ಪ್ರೊಪೆಲ್ಲರ್ ಇಳಿಯುವುದು ಅದರ ಮೈ ಪಕ್ಕಕ್ಕೆ.

ಮಣಿಕಟ್ಟಿನ ಕೆಂಪು ಹಗ್ಗ ಬಿಚ್ಚಿ ಜೇಬಿಗಿಟ್ಟುಕೊಂಡೆ. ಎಂಜಿನ್ನನ್ನು ಮೇಲೆಯೇ ಕೊಂಡಿ ಹಾಕಿ ನಿಲ್ಲಿಸಿದೆ. "ಮಾವ, ಬೋಟು ನಿಮ್ದು" ಅಂದೆ. ನಾನು ಮಾಡಿದ ಕೆಲಸ ಅಷ್ಟೇ.

ಕಡವಿನಲ್ಲಿ ದನಗಳನ್ನು ದಾಟಿಸುವಾಗ ಹರಿಗೋಲಿನ ಪಕ್ಕದಲ್ಲೇ ಈಜಿಸುತ್ತಾರೆ. ಸುಸ್ತಾದ ಕರು ಹರಿಗೋಲಿಗೆ ಒರಗಲು ಬಂದರೆ ಹರಿಗೋಲನ್ನು ಎಳೆದುಕೊಂಡು ಓಡುವ ಹಾಗಿಲ್ಲ. ಓಡಿದರೆ ಕರು ಅಂಚು ಹಿಡಿಯಲು ಹಾರುತ್ತದೆ, ಎಲ್ಲರೂ ಮುಳುಗುತ್ತಾರೆ. ಒರಗಲು ಬಿಟ್ಟು, ಹರಿಗೋಲನ್ನೇ ನಿಧಾನಕ್ಕೆ ತಿರುಗಿಸಿ, ಕರುವಿನ ಮುಖ ಅದರ ತಾಯಿಯ ಕಡೆಗಾಗುವಂತೆ ಮಾಡಬೇಕು. ಮಾವ ನಲವತ್ತು ವರ್ಷ ಮಾಡಿದ್ದು ಅದನ್ನೇ. ಗಳವನ್ನು ಸದ್ದಿಲ್ಲದೆ ನೀರಿಗಿಳಿಸಿದರು. ನೆಲ ಸಿಕ್ಕಿತು. ಎದೆಗೆ ಆನಿಸಿಕೊಂಡು ನಿಂತರು. ಬೋಟು ಬೀಸುಕಲ್ಲಿನ ಹಾಗೆ ಇದ್ದಲ್ಲೇ ತಿರುಗತೊಡಗಿತು.

ಮರಿ ಬಂದು ಬೋಟಿನ ನಡು ಅಂಚಿಗೆ ಗಲ್ಲ ಇಟ್ಟಿತು. ಬೋಟು ಬಲಕ್ಕೆ ವಾಲಿತು. ಮಾವ ಅಕ್ಕನ ಕಡೆ ನೋಡಿ ಎರಡು ಬೆರಳು ತೋರಿಸಿ ಎಡಕ್ಕೆ ಬಾಗಿಸಿದರು. ಅಕ್ಕನಿಗೆ ಅದು ಹೇಗೆ ಅರ್ಥವಾಯಿತೋ, ಎದ್ದೇಳದೆ ಕೂತಲ್ಲಿಂದಲೇ ಎರಡು ಮರಳುಮೂಟೆಗಳನ್ನು ಒಂದೊಂದಾಗಿ ಎಡಕ್ಕೆ ಎಳೆದಳು. ಹಿಟ್ಟಿನ ಕೊಪ್ಪರಿಗೆ ಎಳೆಯುವ ಕೈ. ಒಂದು ಸದ್ದು ಬರಲಿಲ್ಲ. ಬೋಟು ಸಮಕ್ಕೆ ಬಂತು.

ಆಮೇಲೆ ಸೊಂಡಿಲು ಒಳಗೆ ಬಂತು. ಆಸನ ಮುಟ್ಟಿತು. ಭಾವನ ಮೊಣಕಾಲು ಮುಟ್ಟಿತು. ಹೊಟ್ಟೆ ಮುಟ್ಟಿತು. ಷರಟಿನ ಜೇಬಿನ ಹತ್ತಿರ ನಿಂತು, ತುದಿಯನ್ನು ಅಗಲಿಸಿ, ಒಂದು ಸಲ ಜೋರಾಗಿ ಮೂಸಿತು. ಭಾವನ ಕಣ್ಣು ಮುಚ್ಚಿದ್ದವು. ತುಟಿ ಅಲ್ಲಾಡುತ್ತಿತ್ತು. ಸೊಂಡಿಲಿನ ನೀರು ಅವರ ಮಡಿಲಿಗೆ ತೊಟ್ಟಿಕ್ಕುತ್ತಿತ್ತು. ಸಿಪ್ಪೆ ಜೇಬಿನಿಂದ ಹೊರಬಂತು, ಸೊಂಡಿಲು ಹಿಂದೆ ಸರಿಯಿತು.

ಮಾವ ಮರಿಯ ಹತ್ತಿರ ಮಾತಾಡುತ್ತಲೇ ಇದ್ದರು. ಅವರು ಮೂತಿಯಲ್ಲಿದ್ದರೂ ದನಿ ನನಗೆ ಚೆನ್ನಾಗಿ ಕೇಳುತ್ತಿತ್ತು. "ಓ ನನ್ ಮಗಾ, ಇಲ್ಲೇನಿಲ್ಲ ಕಣೋ. ನಿಮ್ಮವ್ವ ಅಲ್ಲವ್ಳೆ ನೋಡು. ಓಗು, ಓಗು, ಬೈತಾಳೆ. ನಮಗೂ ಬೈತಾಳೆ."

ತಾಯಿ ಆಗಲೇ ತಿರುಗಿ ಬರುತ್ತಿತ್ತು. ಕೂಗಲಿಲ್ಲ. ಅದು ಕೂಗಿತು ಅಂತ ಅಕ್ಕ ಹೇಳುತ್ತಾಳೆ, ನನಗೆ ಕೇಳಿಸಲಿಲ್ಲ. ತಲೆ ಮಾತ್ರ ನೀರಿನ ಮೇಲಿತ್ತು, ನೇರ ನಮ್ಮ ಕಡೆಗೆ. ಹತ್ತು ಮಾರು ಅಂದುಕೊಳ್ಳಿ, ಅದಕ್ಕಿಂತ ಹೆಚ್ಚಿರಲಿಲ್ಲ.

"ಮೇಡಂ, ಕಂದು ಕುಯ್ತೀನಿ" ಅಂದರು ಮಾವ. "ತಿನ್ನೋಕೆ ಆಕ್ತಿಲ್ಲ. ನಮ್ ಮೈಮ್ಯಾಲಿಂದ ವಾಸನೆ ತೆಗೀತಿವ್ನಿ."

ಪ್ರಾಣಿಗೆ ಏನನ್ನೂ ಕೊಡಬಾರದು ಅನ್ನುವುದು ಮೊದಲನೆಯ ನಿಯಮ. ಮೇಡಂ ಬರುತ್ತಿದ್ದ ತಾಯಿಯನ್ನು ನೋಡಿದರು. ಆಮೇಲೆ ಆಗಲಿ ಅಂತ ತಲೆಯಾಡಿಸಿದರು. ಮಾವ ಹಣ್ಣಿನ ತಟ್ಟೆಯ ಮೇಲೆ ಹೆಗಲ ಟವೆಲು ಹೊದಿಸಿ, ಸೊಂಟದ ಮಚ್ಚಿನಿಂದ ಎರಡೂ ಕಂದುಗಳ ಕಟ್ಟು ಕೊಯ್ದು, ಗಳದ ತುದಿಯಿಂದ ತಾಯಿಯಿದ್ದ ಕಡೆಗೆ ಮೆಲ್ಲಗೆ ನೂಕಿದರು. ಕಂದುಗಳು ತೇಲಿಕೊಂಡು ಹೋದವು. ಮರಿ ಅಂಚು ಬಿಟ್ಟು ಅವುಗಳ ಹಿಂದೆ ಹೊರಟಿತು. ಅದು ನಮ್ಮ ಮೂತಿ ದಾಟಿದ ಕೂಡಲೆ ಮಾವ ಗಳ ಊರಿ ಒಂದೇ ಒಂದು ಸಲ ನೂಕಿದರು. ಬೋಟು ಹಿಂದಕ್ಕೆ ಜಾರಿತು. ಇನ್ನು ನಾವು ನಡುವೆ ಇರಲಿಲ್ಲ.

ತಾಯಿ ಮರಿಯನ್ನು ಮುಟ್ಟಿತು. ಸೊಂಡಿಲಿನಿಂದ ಅದನ್ನು ತನ್ನ ಆಚೆ ಮಗ್ಗುಲಿಗೆ ಹಾಕಿಕೊಂಡಿತು. ನಮ್ಮನ್ನು ನೋಡಿತು. ಎಷ್ಟು ಹೊತ್ತು ಅಂತ ನನ್ನಿಂದ ಹೇಳಲಾಗುವುದಿಲ್ಲ. ಆಮೇಲೆ ತಿರುಗಿತು.

ಮರಿ ಒಂದು ಕಂದನ್ನು ಬಿಡಲೇ ಇಲ್ಲ. ಅದನ್ನು ಗದ್ದದಡಿ ಒತ್ತಿಹಿಡಿದು ಕಾಲು ಬಡಿಯುತ್ತ ಹೋಯಿತು. ನಮ್ಮೂರು ಹೆಡತಲೆಯ ಮಕ್ಕಳು ಕೆರೆಯಲ್ಲಿ ಬಾಳೆದಿಂಡು ಅಪ್ಪಿಕೊಂಡು ಈಜು ಕಲಿಯುವುದು ಥೇಟ್ ಹೀಗೆಯೇ. ದಂಡೆಯ ಕೆಸರಿನಲ್ಲಿ ಕಂದನ್ನು ಎಳೆದುಕೊಂಡು ಹತ್ತಲು ಹೋಗಿ ಜಾರಿ ಕೂತಿತು. ಮತ್ತೆ ಹತ್ತಿತು, ಮತ್ತೆ ಜಾರಿತು. ಮೂರನೆಯ ಸಲ ತಾಯಿ ಹಿಂದಿನಿಂದ ತಲೆ ಕೊಟ್ಟು ನೂಕಿತು. ಕಂದಿನ ಸಮೇತ ಮೇಲೆ ಹೋಗಿ, ಅದನ್ನು ತಿನ್ನುವುದು ಬಿಟ್ಟು ತಲೆಯ ಮೇಲೆ ಹೊತ್ತುಕೊಂಡು ಒಂದು ಸುತ್ತು ಓಡಿತು.

ಮೊದಲು ನಕ್ಕದ್ದು ಮೇಡಂ. ಇದನ್ನು ನಾನು ಕಂಡಿದ್ದೇನೆ. ಆಮೇಲೆ ಎಲ್ಲರೂ ನಕ್ಕೆವು. ಭಾವ ಕಣ್ಣು ಬಿಟ್ಟು, "ಹೋಯ್ತಾ?" ಅಂದರು.

"ಓಯ್ತು. ನಿಮ್ಮ ಜೇಬು ಕತ್ತರಿಸ್ಕೊಂಡು ಓಯ್ತು" ಅಂದಳು ಅಕ್ಕ.

ಬೊಡ್ಡೆಗಳ ಸಾಲು ದಾಟುವವರೆಗೆ ಮಾವ ಗಳದಲ್ಲೇ ತಂದರು. ಗಾಳಿಗೆ ಎದುರಾಗಿ ಅಷ್ಟು ದೂರ ಗಳ ಹಾಕುವುದು ಹುಡುಗಾಟವಲ್ಲ. ಅವರ ಅಂಗಿ ಬೆನ್ನಿಗೆ ಅಂಟಿಕೊಂಡಿತ್ತು. ನಾನು ಎಂಜಿನ್ ಇಳಿಸಲಾ ಅಂತ ಕೇಳಿದರೆ ಗಳವನ್ನು ಮತ್ತೆ ಊರಿದರು. ಅದು ಅವರ ಕೊನೆಯ ಓಟ ಅಂತ ಅವರಿಗೆ ಅನಿಸಿರಬೇಕು. ನನಗೂ ಹಾಗೇ ಅನಿಸಿತ್ತು. ಎಡವಟ್ಟಾದರೆ ಬೇರೆಯವರನ್ನು ಹುಡುಕಿ ಅಂದಿದ್ದರು. ಇದಕ್ಕಿಂತ ದೊಡ್ಡ ಎಡವಟ್ಟು ಯಾವುದು?

ದಡ ಮುಟ್ಟಿದ ಮೇಲೆ ಮಾವ ಉಳಿದ ಹಾರವನ್ನೆಲ್ಲ ಬಿಚ್ಚಿ ಸುತ್ತಿ ಕಂಕುಳಲ್ಲಿಟ್ಟುಕೊಂಡು ಮೇಡಂ ಮುಂದೆ ನಿಂತರು.

"ತಪ್ಪು ನಂದು ಮೇಡಂ. ಇವನು ಬ್ಯಾಡ ಅಂದ, ನಾನೇ ಕಟ್ಟಿದ್ದು."

"ನಾನು ಬೇಡ ಅನ್ನಲಿಲ್ಲ ಮೇಡಂ. ಇದೇನು ಅಂತ ಕೇಳಿದೆ, ಅಷ್ಟೆ" ಅಂದೆ.

"ನಾನೂ ಬೇಡ ಅನ್ನಲಿಲ್ಲ" ಅಂದರು ಮೇಡಂ. ಕಲ್ಲಿನ ಮೇಲೆ ಕೂತು ಸ್ವಲ್ಪ ನೀರು ಕುಡಿದರು. "ಯಜಮಾನ್ರೇ, ಅಲ್ಲಿ ಆಳ ಎಷ್ಟಿತ್ತು?"

ಮಾವ ಗಳದ ಒದ್ದೆ ಗುರುತನ್ನು ನೋಡಲಿಲ್ಲ. "ಏಳು ಮೊಳ. ಅಡೀಲಿ ಮಣ್ಣು, ಕಲ್ಲಿಲ್ಲ. ಅದ್ಕೇ ಗಳ ನಿಂತ್ಕತು."

ಮೇಡಂ ಎದ್ದು ಹೋಗಿ ಗಳದ ಗೀರುಗಳನ್ನು ಎಣಿಸಿದರು. ಬೊಡ್ಡೆಗಳ ನಡುವಿನ ನೀರು ಎಲ್ಲೂ ಅಷ್ಟು ಆಳವಿಲ್ಲ, ಗುರುತು ಹಾಗೇ ಉಳಿದಿತ್ತು. ಏಳನೆಯ ಗೀರಿನವರೆಗೆ ಒದ್ದೆಯಿತ್ತು. ನಾನೂ ಎಣಿಸಿದೆ.

ಆಮೇಲೆ ಫೋನು ತೆಗೆದರು. ಗಾಬರಿಯಲ್ಲಿ ವಿಡಿಯೋ ನಿಲ್ಲಿಸುವುದನ್ನು ಮರೆತು ಮಡಿಲಲ್ಲಿಟ್ಟುಕೊಂಡಿದ್ದರು. ಅದರಲ್ಲಿ ಆನೆಯೇ ಇಲ್ಲ. ಆಕಾಶ, ಅಕ್ಕನ ಗಲ್ಲ, ಒಂದು ಸಲ ಹಾದುಹೋದ ಗಳದ ತುದಿ. ಆದರೆ ದನಿ ಇತ್ತು. ಮಾವ "ಎತ್ತೇ ಇಡ್ಲಾ" ಅಂದಲ್ಲಿಂದ ಮೇಡಂ ನಕ್ಕಲ್ಲಿಗೆ ಆರು ನಿಮಿಷ. ಭಾವ ಅರ್ಧ ಗಂಟೆ ಅನ್ನುತ್ತಾರೆ. ಆರು ನಿಮಿಷ. ಅದನ್ನು ಇನ್ನೊಮ್ಮೆ ಹಾಕಿ ಕೇಳಿದರು. "ನಿಮ್ಮವ್ವ ಅಲ್ಲವ್ಳೆ ನೋಡು" ಅನ್ನುವಲ್ಲಿ ನಿಲ್ಲಿಸಿದರು.

ಹತ್ತು ದಿನ ಕಳೆದು ಮೇಡಂ ಕಚೇರಿಯಿಂದ ಕಾಗದ ಬಂತು. ಮಾವನಿಗೆ ಓದಲು ಬರುವುದಿಲ್ಲ. ಹಿತ್ತಿಲಲ್ಲಿ, ಬೋರಲು ಹರಿಗೋಲಿನ ಮೇಲೆ ಇಬ್ಬರೂ ಕೂತೆವು, ನಾನು ಓದಿದೆ. ಹೂವು, ಹಣ್ಣು, ಕಂದು ಬೋಟಿಗೆ ಕಟ್ಟುವಂತಿಲ್ಲ. ಪೂಜೆ ದಡದಲ್ಲೇ ಮುಗಿಸತಕ್ಕದ್ದು. ಎಂಜಿನ್ನನ್ನು ಬೊಡ್ಡೆಗಳ ಸಾಲಿನ ಆಚೆ ಅಗತ್ಯವಿಲ್ಲದೆ ಬಳಸುವಂತಿಲ್ಲ. ಒಂದೊಂದು ಓದಿದಾಗಲೂ ಮಾವ "ಸರಿ" ಅನ್ನುತ್ತಿದ್ದರು, ಮುಂದಿನದಕ್ಕೆ ಕಾಯುತ್ತಿದ್ದರು. ಕೊನೆಯ ಷರತ್ತು ಹೀಗಿತ್ತು: "ಪ್ರಾಣಿಗಳು ನೀರಿಗಿಳಿದಿರುವಾಗ ಎಂಜಿನ್ನನ್ನು ಮೇಲೆತ್ತಿ, ಬೋಟನ್ನು ಗಳ ಹಿಡಿದವರ ಮಾತಿನಂತೆ ನಡೆಸತಕ್ಕದ್ದು." ಅದರ ಕೆಳಗೆ, ಗಳ ಹಿಡಿಯುವವರು ಅಂತ ಬರೆದು ಮಾವನ ಹೆಸರು, ವಯಸ್ಸು ಅರವತ್ತಮೂರು.

"ಅಂದ್ರೆ?" ಅಂದರು ಮಾವ.

"ಅಂದ್ರೆ ಆನೆ ಕಂಡ್ರೆ ನೀವು ಹೇಳ್ದಂಗೆ ನಾನು ಕೇಳ್ಬೇಕು."

ಮಾವ ಹರಿಗೋಲಿನಡಿಯಿಂದ ಬಂದ ಕೋಳಿಯನ್ನು ಅಟ್ಟಿದರು. "ಬರೀ ಆನೆ ಕಂಡ್ರೆ ಮಾತ್ರವಾ?" ಅಂದು ಎದ್ದು ಗಳಕ್ಕೆ ಎಣ್ಣೆ ಹಚ್ಚಲು ಹೋದರು.

ಅವತ್ತು ಬೋಟಿನಲ್ಲಿದ್ದು ಇದನ್ನು ಕಂಡವರು, ಇಂದಿಗೂ ಇರುವವರು ಇವರು. ನಮ್ಮಕ್ಕ ಮಹದೇವಮ್ಮ, ನರಸೀಪುರ. ಹೋಟೆಲಿಗೆ ಹೋದರೆ ಇಡ್ಲಿಯ ಜೊತೆ ಕತೆಯನ್ನೂ ಹೇಳುತ್ತಾಳೆ, ಆದರೆ ಆನೆಯ ಎತ್ತರದ ವಿಷಯದಲ್ಲಿ ನಂಬಬೇಡಿ. ಭಾವ ಪುಟ್ಟಸ್ವಾಮಿ, ಹೋಟೆಲಿನ ಗಲ್ಲಾದ ಮೇಲೆ ಆ ಷರಟು ಇನ್ನೂ ನೇತುಹಾಕಿದೆ, ಜೇಬಿನ ಬಾಳೆಕರೆ ಹೋಗಿಲ್ಲ. ಅಧಿಕಾರಿ ಮೇಡಂ, ಈಗ ಬೇರೆ ಕಡೆ ಇದ್ದಾರೆ, ಹೆಸರು ಬರೆಯುವುದು ಬೇಡ ಅಂದರು, ಆದರೆ ನಡೆದದ್ದು ಹೌದು ಅಂದರು. ನಮ್ಮ ಸೋದರಮಾವ ಸಿದ್ದಯ್ಯ. ದಿನಾ ಬೆಳಿಗ್ಗೆ ಆರಕ್ಕೆ ನನಗಿಂತ ಮೊದಲು ದಡದಲ್ಲಿರುತ್ತಾರೆ.

ಎಡಗಿವಿ ಹರಿದ ತಾಯಿ ಇದೆ. ಮರಿಯೂ ಇದೆ. ಹೋದ ತಿಂಗಳು ಎಡದಂಡೆಯಲ್ಲಿ ಕಂಡಿತು, ಈಗ ತಾಯಿಯ ಹೊಟ್ಟೆಯೆತ್ತರ. ನಮ್ಮನ್ನು ಕಂಡು ಸೊಂಡಿಲೆತ್ತಿ, ಬೋಟಿನ ಮೂತಿಯ ಕಡೆಗೆ ಬಹಳ ಹೊತ್ತು ಮೂಸಿತು. ಅಲ್ಲಿ ಮಾವ ಬಿಟ್ಟರೆ ಬೇರೇನೂ ಇರಲಿಲ್ಲ.